ಕಟ್ಟಲಾಗದ ಮನೆಗಳಿಗೆ ಪ್ಲಾನ್ ಹಾಕಿದ್ದು

ಹಗಲು ನಾನು ಮಂಗಳೂರಿನಲ್ಲಿ ಮನೆಗಳಿಗೆ ಪ್ಲಾನ್ ಹಾಕುತ್ತೇನೆ. ರಾತ್ರಿ ಊಟ ಆದ ಮೇಲೆ, ಯಾವ ಮೇಸ್ತ್ರಿಯಿಂದಲೂ ಕಟ್ಟಲು ಆಗದ ಮನೆಗಳಿಗೆ. ನಾವು ಮೂವರು ಗೆಳೆಯರು ಸೇರಿ ಒಂದು ಕಥೆ ಹೆಣೆಯುತ್ತಿದ್ದೇವೆ. ಅದರಲ್ಲಿ ಅನುವಾದಕರ ಒಂದು ಗುಪ್ತಕೂಟ ಇದೆ. ಕಥೆ ಅವರಿಬ್ಬರದು, ಕಟ್ಟಡಗಳು ನನ್ನವು.

ಗುಪ್ತಕೂಟಕ್ಕೆ ಈ ಊರೇ ಸರಿ ಎಂದು ನಮಗೆ ಮೊದಲೇ ಅನಿಸಿತ್ತು. ಇಲ್ಲಿ ಮೀನು ಮಾರ್ಕೆಟ್ಟಿಗೆ ಹೋದವರು ತುಳು, ಕೊಂಕಣಿ, ಬ್ಯಾರಿ, ಕನ್ನಡ ಎಲ್ಲ ಮಾತಾಡಿಯೇ ಮನೆಗೆ ಬರುತ್ತಾರೆ. ಕಿಟ್ಟೆಲರ ನಿಘಂಟು 1894ರಲ್ಲಿ ಅಚ್ಚಾದದ್ದೂ ಇಲ್ಲೇ, ಬಾಸೆಲ್ ಮಿಷನ್ನಿನವರಿಂದ. ಅದೇ ಮಿಷನ್ 1865ರಲ್ಲಿ ಹಂಚಿನ ಕಾರ್ಖಾನೆಯನ್ನೂ ಶುರು ಮಾಡಿತ್ತು. ಹಾಗಾಗಿ ನನ್ನ ಕೂಟದವರು ಹೊರಗಿನವರ ಕಣ್ಣಿಗೆ ಹಂಚಿನ ವ್ಯಾಪಾರಿಗಳು. ನೇತ್ರಾವತಿ ದಡದಲ್ಲಿ ಅವರದೊಂದು ಗೋದಾಮು, ಅದರೊಳಗೆ ಮೊದಲ ಕಟ್ಟಡ.

ಇಂಥ ಚಿತ್ರಗಳ ಗುಟ್ಟು ಹೊಸದಲ್ಲ. ಸ್ವೀಡನ್ನಿನ ಆಸ್ಕರ್ ರಾಯ್ಟರ್ಸ್‌ವಾರ್ಡ್ 1934ರಲ್ಲೇ, ಕಾಗದದ ಮೇಲೆ ಮಾತ್ರ ಮೂರು ತೋಳೂ ಕೂಡುವ ಅಸಾಧ್ಯ ತ್ರಿಕೋನ ಬಿಡಿಸಿದ್ದ. 1958ರಲ್ಲಿ ಲಯನೆಲ್ ಪೆನ್ರೋಸ್ ಮತ್ತು ಮಗ ರೋಜರ್ ಒಂದು ಮನಶ್ಶಾಸ್ತ್ರ ಪತ್ರಿಕೆಯಲ್ಲಿ ತ್ರಿಕೋನದ ಜೊತೆ ಮುಗಿಯದ ಮೆಟ್ಟಿಲನ್ನೂ ತೋರಿಸಿದರು. ಅದನ್ನು ನೋಡಿ ಡಚ್ ಚಿತ್ರಕಾರ ಎಷರ್ 1960ರಲ್ಲಿ ಸನ್ಯಾಸಿಗಳು ಸುತ್ತುತ್ತಲೇ ಇರುವ ಚಿತ್ರ ಮಾಡಿದ. ಇಂಟರ್‌ನೆಟ್ಟಿನಲ್ಲಿ ಇವುಗಳ ನಕಲುಗಳು ರಾಶಿ ಬಿದ್ದಿವೆ. ಹೆಚ್ಚಿನವು ನನಗೆ ಸಪ್ಪೆ. ಮೆಟ್ಟಿಲು ಸುತ್ತುತ್ತದೆ, ಆದರೆ ಆ ಮೆಟ್ಟಿಲು ಅಲ್ಲಿ ಯಾಕಿದೆ? ಯಾರಿಗೆ ಬೇಕು? ಅಡುಗೆಮನೆ ಎಲ್ಲಿ ಬರಬೇಕು ಎಂದು ಕೇಳದೆ ನಾವು ಪ್ಲಾನ್ ಹಾಕುವುದಿಲ್ಲ, ಅಲ್ವಾ? ಕಟ್ಟಲಾಗದ ಮನೆಗೂ ಅದೇ ಕ್ರಮ.

ಹಾಗಾಗಿ ಮೊದಲು ಕೂಟದ ಕೆಲಸ ಏನು ಎಂದು ಗೆಳೆಯರನ್ನು ಕೂರಿಸಿ ಕೇಳಿದೆ. ನಿಯಮ ಹೀಗೆ: ಓಲೆ ಯಾವಾಗಲೂ ಕೆಳಗಿನ ಕೋಣೆಗೆ ಇಳಿಯಬೇಕು, ಮೇಲೆ ಹತ್ತಬಾರದು. ನಾಲ್ಕು ಕೋಣೆ, ನಾಲ್ಕು ಭಾಷೆ. ನಾಲ್ಕನೆಯವರು ಮುಗಿಸಿದ ಮೇಲೆ ಅದು ಮೊದಲನೆಯವರ ಕೈಗೆ ಅವರದೇ ಭಾಷೆಯಲ್ಲಿ ವಾಪಸ್ ಬರಬೇಕು. ಆಗ ಮಾತು ಎಲ್ಲಿ ಜಾರಿತು ಅಂತ ಗೊತ್ತಾಗುತ್ತದೆ. ಬರೀ ಇಳಿಯುತ್ತಾ ಹೋಗಿ ಹೊರಟ ಜಾಗಕ್ಕೇ ಬರಬೇಕು ಎಂದರೆ ಪೆನ್ರೋಸ್ ಮೆಟ್ಟಿಲು ಬಿಟ್ಟು ಬೇರೆ ದಾರಿಯೇ ಇಲ್ಲ. ನಡುವೆ ಅಂಗಳ, ಸುತ್ತ ಮೆಟ್ಟಿಲು, ಮೂಲೆಗೊಂದು ಕೋಣೆ. ನೋಡಿದರೆ ನಮ್ಮ ತುಳುನಾಡಿನ ಜಮೀನ್ದಾರರ ಹಳೆಯ ಗುತ್ತಿನ ಮನೆಯೇ.

ಮೆಟ್ಟಿಲಿನ ಲೆಕ್ಕ ಸ್ವಲ್ಪ ಬಿಡಿಸಿ ಹೇಳುತ್ತೇನೆ. ಇದನ್ನು ಐಸೊಮೆಟ್ರಿಕ್‌ನಲ್ಲೇ, ಅಂದರೆ ಮೂಲೆಯ ಕಡೆಯಿಂದ ಓರೆಯಾಗಿ ಮೇಲಿಂದ ನೋಡಿದ ಹಾಗೆ, ಬಿಡಿಸಬೇಕು. ಅಲ್ಲಿ ದೂರ ಹೋದದ್ದು ಚಿಕ್ಕದಾಗುವುದಿಲ್ಲ. ಎದುರಿಗಿರುವ ಎತ್ತರದ ಜಾಗ, ಹಿಂದಿರುವ ತಗ್ಗಿನ ಜಾಗ ಎರಡೂ ಕಾಗದದ ಮೇಲೆ ಒಂದೇ ಚುಕ್ಕೆಯಾಗಬಹುದು. ಮೋಸ ಇರುವುದು ಅಲ್ಲೇ. ನಾಲ್ಕು ಬದಿಯಲ್ಲಿ ಎರಡು ಉದ್ದ, ಎರಡು ಗಿಡ್ಡ. ಉದ್ದದ ಬದಿಗಳು ನಮ್ಮಿಂದ ದೂರಕ್ಕೆ ಇಳಿಯಬೇಕು, ಗಿಡ್ಡ ಬದಿಗಳು ನಮ್ಮ ಕಡೆಗೆ. ನಾನು ಉದ್ದಕ್ಕೆ ಆರಾರು, ಗಿಡ್ಡಕ್ಕೆ ಎರಡೆರಡು ಮೆಟ್ಟಿಲು ಇಟ್ಟೆ, ಒಟ್ಟು 16. ಒಂದೊಂದರ ಅಗಲ 12 ಇಂಚು, ಎತ್ತರ 3 ಇಂಚು. ಒಂದು ಸುತ್ತಿಗೆ 48 ಇಂಚು ಇಳಿದಂತಾಯಿತು. ಉದ್ದಕ್ಕೂ ಗಿಡ್ಡಕ್ಕೂ ಇರುವ ವ್ಯತ್ಯಾಸ ನಾಲ್ಕು ಮೆಟ್ಟಿಲು, ಅದೂ 48 ಇಂಚು. ಇವೆರಡು ಸರಿಹೋದರೆ ಕಾಗದದ ಮೇಲೆ ಸುತ್ತು ಕೂಡುತ್ತದೆ. ಮೂಲೆಯ ಕಟ್ಟೆಗಳನ್ನು ಎಲ್ಲ ಕಡೆ ಒಂದೇ ಅಳತೆಗೆ ಇಟ್ಟರೆ ಲೆಕ್ಕ ಕೆಡುವುದಿಲ್ಲ. ಮೆಟ್ಟಿಲು ಇನ್ನೂ ಎತ್ತರ ಬೇಕು ಎಂದು ಹೊರಟರೆ ವ್ಯತ್ಯಾಸವೂ ಜಾಸ್ತಿಯಾಗಿ ಸುತ್ತು ತೀರಾ ಒಂದು ಕಡೆಗೆ ವಾಲುತ್ತದೆ. 3 ಇಂಚು ಸಾಕು. ದೇವಸ್ಥಾನದ ಕೆರೆಯ ಕಡೆ ನಡೆದ ಹಾಗೆ ಕಾಣುತ್ತದೆ.

ಕಷ್ಟ ಕೊಟ್ಟದ್ದು ಮೆಟ್ಟಿಲಲ್ಲ, ಮೇಲಿನ ಹಂಚಿನ ಮಾಡು. ಹಂಚಿನ ಸಾಲು ಅಳತೆ ಪಟ್ಟಿ ಇದ್ದ ಹಾಗೆ. ಚುರುಕು ಕಣ್ಣಿನವರು ಒಂದು ಮೂಲೆಯಿಂದ ಇನ್ನೊಂದಕ್ಕೆ ಸಾಲು ಎಣಿಸಿದರೆ ಮೋಸ ಸಿಕ್ಕಿಬೀಳುತ್ತದೆ. ಅದಕ್ಕೆ ಪ್ರತಿ ಮೂಲೆಯಲ್ಲೂ ಮಾಡನ್ನು ನಿಲ್ಲಿಸಿ ಮುರಕಲ್ಲಿನ ಗೋಡೆ ಎಬ್ಬಿಸಿದೆ. ಈಗ ಎಣಿಕೆ ಮೂಲೆ ದಾಟುವುದಿಲ್ಲ. ಹಂಚು ಹೊರುವ ಮರದ ಪಕ್ಕಾಸು, ರೀಪು ಎಲ್ಲ ನಮ್ಮಲ್ಲಿ ಹಾಕುವ ಹಾಗೆಯೇ ಇವೆ. ಒಂದೊಂದು ಮೂಲೆಯೂ ಬೇರೆಯಾಗಿ ನೋಡಿದರೆ ನಾಳೆಯೇ ಕಟ್ಟಬಹುದು ಅನಿಸಬೇಕು. ಹಾಗಿದ್ದರೆ ಮಾತ್ರ ಇಡೀ ಕಟ್ಟಡ ಆಗದ್ದು ಎಂದು ತಿಳಿದಾಗ ಮಜಾ.

ನಮ್ಮ ಪರಿಚಯದ ಮೇಸ್ತ್ರಿಯೊಬ್ಬರಿಗೆ ಈ ಹಾಳೆ ತೋರಿಸಿದೆ. ಮೆಟ್ಟಿಲು ಸುತ್ತುವುದರ ಬಗ್ಗೆ ಅವರು ಮಾತೇ ಆಡಲಿಲ್ಲ. "ಎಂತ ಮಾರಾಯ್ರೆ, ಮಳೆಗಾಲದಲ್ಲಿ ಇದರ ನೀರು ಎಲ್ಲಿಗೆ ಹೋಗುವುದು?" ಎಂದರು. ಕರಾವಳಿಯವರು ಕೇಳಬೇಕಾದ ಪ್ರಶ್ನೆಯೇ. ನೀರು ಸುತ್ತುತ್ತಲೇ ಇರಲಿ ಎಂದರೆ ಅದು ಎಷರ್ 1961ರಲ್ಲಿ ಮಾಡಿದ ಜಲಪಾತ ಆಗಿಬಿಡುತ್ತದೆ. ನನಗೆ ಅದು ಬೇಡವಾಗಿತ್ತು. ಒಂದು ಗಿಡ್ಡ ಬದಿಗೆ ಅಡಿಕೆ ಮರ ಸೀಳಿ ಮಾಡಿದ ದಂಬೆ ಕಟ್ಟಿ ನೀರನ್ನು ಅಂಗಳಕ್ಕೆ ಬಿಟ್ಟೆ. ಕಥೆ ಬರೆಯುವ ಗೆಳತಿ ಅದನ್ನೇ ಹಿಡಿದುಕೊಂಡಳು. ಈಗ ಕೂಟದವರಿಗೆ ಬೇಡವಾದ ಕರಡುಗಳೂ ಅದೇ ದಂಬೆಯಲ್ಲಿ ಹೋಗುತ್ತವೆ.

ಎರಡನೆಯದು ಸಭೆಯ ಚಾವಡಿ. ಮೂಡುಬಿದಿರೆಯ ಸಾವಿರ ಕಂಬದ ಬಸದಿ 1430ರದು, ಅಲ್ಲಿ ಒಂದು ಕಂಬದ ಹಾಗೆ ಇನ್ನೊಂದಿಲ್ಲ ಎನ್ನುತ್ತಾರೆ. ನನ್ನ ಚಾವಡಿಯಲ್ಲಿ ಕಂಬಗಳೆಲ್ಲ ಒಂದೇ ಥರ, ಆದರೆ ಮೇಲೆ ಎಣಿಸಿದರೆ ಮೂರು, ಬುಡದಲ್ಲಿ ಎರಡು. ಮೇಲೆ ಕಂಬದ ಅಂಚಾಗಿದ್ದ ಗೆರೆ ಕೆಳಗೆ ಬರುವಾಗ ಬಯಲಿನ ಅಂಚಾಗುತ್ತದೆ. ಇದಕ್ಕೆ ಬಣ್ಣ ಹಚ್ಚಲು ಹೋಗಬೇಡಿ. ಕಂಬದ ಬಣ್ಣ ಎಲ್ಲಿ ನಿಲ್ಲಿಸಬೇಕು ಎಂದೇ ತಿಳಿಯುವುದಿಲ್ಲ, ಆಟ ಅಲ್ಲಿಗೆ ಮುಗಿಯಿತು. ಬರೀ ಕಪ್ಪು ಗೆರೆ, ಉದ್ದ ಕಂಬ, ಅಷ್ಟೇ.

ಮೂರನೆಯದು ಕೂಟದ ಬಾಗಿಲು. ಅದನ್ನು ಸನ್‌ಬೋರ್ಡ್ ಎಂಬ ಹಗುರ ಹಲಗೆಯಲ್ಲಿ ಕಟ್ಟಿಯೇ ನೋಡಿದೆ. ಆಸ್ಟ್ರೇಲಿಯಾದ ಈಸ್ಟ್ ಪರ್ತ್‌ನಲ್ಲಿ 1999ರಲ್ಲಿ ನಿಲ್ಲಿಸಿದ ದೊಡ್ಡ ಅಸಾಧ್ಯ ತ್ರಿಕೋನವೊಂದಿದೆ. ಸರಿಯಾದ ಜಾಗದಿಂದ ನೋಡಿದರೆ ಮಾತ್ರ ಮೂರು ತೋಳೂ ಕೂಡುತ್ತವೆ, ಪಕ್ಕಕ್ಕೆ ಸರಿದರೆ ಒಂದು ಕಡೆ ಬಾಯಿ ಬಿಟ್ಟಿರುವುದು ಕಾಣುತ್ತದೆ. ಉಡುಪಿ ಕೃಷ್ಣನನ್ನು ಒಂಬತ್ತು ತೂತಿನ ಕಿಂಡಿಯಿಂದಲೇ ನೋಡಿ ಬೆಳೆದವರಿಗೆ ಎಲ್ಲಿ ನಿಂತು ನೋಡಬೇಕು ಎನ್ನುವುದನ್ನು ಹೇಳಿಕೊಡಬೇಕಾಗಿಲ್ಲ. ನನ್ನ ಕೂಟದ ಬಾಗಿಲೂ ಹಾಗೇ. ಕಾವಲುಗಾರನ ಕಿಂಡಿಯಿಂದ ನೋಡಿದರೆ ಮಾತ್ರ ಅದು ಬಾಗಿಲು, ಬೇರೆ ಕಡೆಯಿಂದ ಬಿದ್ದ ಗೋಡೆ.

ಇದನ್ನು ಮಾಡುವವರಿಗೆ ಒಂದೆರಡು ಮಾತು. ಬಿಸಿಲಿನಲ್ಲಿ ಇಡಬೇಡಿ, ನೆರಳು ಎಲ್ಲವನ್ನೂ ಹೇಳಿಬಿಡುತ್ತದೆ. ಮೋಡದ ದಿನದ ಬೆಳಕು ಒಳ್ಳೆಯದು, ಜೂನ್ ಬಂದರೆ ನಮಗೆ ಅದಕ್ಕೇನೂ ಬರ ಇಲ್ಲ. ಕ್ಯಾಮೆರಾ ಆದಷ್ಟು ದೂರ ಇಟ್ಟು ಝೂಮ್ ಮಾಡಿ. ಕಣ್ಣಲ್ಲೇ ನೋಡುವುದಾದರೆ ಒಂದು ಕಣ್ಣು ಮುಚ್ಚಬೇಕು. ರಟ್ಟಿಗೆ ಒಂದೇ ತೂತು ಕೊರೆದು ಸ್ಟ್ಯಾಂಡಿಗೆ ಸಿಕ್ಕಿಸಿದರೆ ಯಾರಿಗೂ ವಿವರಿಸುವ ಕೆಲಸ ಇಲ್ಲ. ನಾನು ತೂತನ್ನು ಮಕ್ಕಳ ಎತ್ತರಕ್ಕೆ ಇಟ್ಟಿದ್ದೇನೆ, ದೊಡ್ಡವರು ಬಗ್ಗಿ ನೋಡಲಿ.