ಮುಖ ಬಿಟ್ಟು ಕೈಗೆ ಕ್ಯಾಮೆರಾ ಇಟ್ಟ ಮೇಲೆ

ಇನ್ ಅಮೆನಾಸ್‌ನಲ್ಲಿ ಬದುಕುಳಿದವರ ಬಗ್ಗೆ ಸಾಕ್ಷ್ಯಚಿತ್ರ ಮಾಡ್ತೀನಿ ಅಂದಾಗ ಎಲ್ಲರೂ ಕೇಳಿದ್ದು ಒಂದೇ: ದೃಶ್ಯ ಎಲ್ಲಿಂದ ತರ್ತೀಯ? 2013ರ ಜನವರಿ 16ರಿಂದ 19ರವರೆಗೆ ಅಲ್ಜೀರಿಯಾದ ಆ ಅನಿಲ ಘಟಕಕ್ಕೆ ಉಗ್ರರು ನುಗ್ಗಿ ನೌಕರರನ್ನು ಒತ್ತೆಯಿಟ್ಟುಕೊಂಡಿದ್ದರು. ಒಳಗೆ ಏನು ನಡೆಯಿತೋ, ಅದು ಬಹುಪಾಲು ಅಲ್ಲಿದ್ದವರ ತಲೆಯಲ್ಲೇ ಇದೆ.

ಮೊದಲು ನಾನೂ ಮರುಸೃಷ್ಟಿಗೇ ಹೋದೆ. ಸೆಟ್, ನಟರು, ನಕಲಿ ಬಂದೂಕು. ಎರಡು ದಿನಕ್ಕೆ ಆರೇಳು ಸಾವಿರ ಪೌಂಡ್ ಕರಗಿತು. ರಫ್ ಕಟ್ (ಮೊದಲ ಕಚ್ಚಾ ಸಂಕಲನ) ತೋರಿಸಿದರೆ, ಅಲ್ಲಿಂದ ಬದುಕಿ ಬಂದಿದ್ದ ಒಬ್ಬರು ಹತ್ತೇ ನಿಮಿಷಕ್ಕೆ ಎದ್ದು ಹೊರಗೆ ಹೋದರು. ಗುಂಡಿನ ಸದ್ದಿಗಲ್ಲ, ನಟರು ಕಿರುಚುತ್ತಿದ್ದರಲ್ಲ, ಅದಕ್ಕೆ. ತಾವು ಉಸಿರು ಬಿಡೋದಕ್ಕೂ ಹೆದರಿದ್ದರಂತೆ. ಅಷ್ಟೂ ಫುಟೇಜ್ ಕಸ.

ಆಮೇಲೆ ಕುರ್ಚಿ, ಕಪ್ಪು ಪರದೆ, ಬದುಕುಳಿದವರನ್ನೇ ಕೂರಿಸಿ ಸಂದರ್ಶನ. ಅದೂ ಕೆಟ್ಟಿತು. ಹತ್ತು ಕಡೆ ಹೇಳಿ ಹೇಳಿ ಬಾಯಿಪಾಠ ಆದದ್ದನ್ನೇ ಒಪ್ಪಿಸಿದರು.

ಕೊನೆಗೆ ಉಪಗ್ರಹ ಚಿತ್ರ ನೋಡಿ ನಕ್ಷೆ ಬರೆದೆ. ಈ ಕಡೆ ನೌಕರರ ವಸತಿ, ಸುಮಾರು 3 ಕಿ.ಮೀ. ಆಚೆ ಘಟಕ. ಮೇಜಿನಗಲ ಪ್ರಿಂಟ್ ಹಾಕಿಸಿ, ನಡೆದದ್ದನ್ನು ಅದರ ಮೇಲೆ ಬೆರಳಿಟ್ಟು ತೋರಿಸಿ ಅಂದೆ. ಕ್ಯಾಮೆರಾ ಮೇಲಿನಿಂದ ಅವರ ಕೈಗೆ ಇಟ್ಟೆ. ಬರೀ ಕೈ ಯಾರು ನೋಡ್ತಾರೆ ಅಂತ ನಿರ್ಮಾಪಕರು ನಕ್ಕರು.

17ರಂದು ಒತ್ತೆಯಾಳುಗಳಿದ್ದ ವಾಹನಗಳು ಘಟಕದ ಕಡೆ ಹೊರಟಾಗ ಅಲ್ಜೀರಿಯಾ ಸೇನೆಯ ಹೆಲಿಕಾಪ್ಟರ್‌ಗಳು ಅವುಗಳ ಮೇಲೆ ಗುಂಡು ಹಾರಿಸಿದವು. ಒಬ್ಬರು ನಕ್ಷೆಯಲ್ಲಿ ಆ ದಾರಿ ಮೇಲೆ ಬೆರಳು ಎಳೆಯುತ್ತಾ ಬಂದು ಒಂದು ಕಡೆ ನಿಂತರು. ಉಗುರಿನಿಂದ ಹಾಳೆ ಕೆರೆಯುತ್ತಲೇ ಇದ್ದರು. ಹಾಳೆ ತೂತಾಯಿತು. ನಾನು ಕಟ್ ಅನ್ನಲಿಲ್ಲ. ಆ ಶಾಟ್ ಒಂದೂವರೆ ನಿಮಿಷ ಹಾಗೇ ಇದೆ. ನಕ್ಕಿದ್ದ ನಿರ್ಮಾಪಕರೇ ಈಗ ಅದನ್ನು ಎಲ್ಲರಿಗೂ ತೋರಿಸುತ್ತಾರೆ.

ಕೆರೆಯುವ ಸದ್ದು ಸಿಕ್ಕಿದ್ದು ಮೇಜಿನ ಅಡಿಗೆ ಅಂಟಿಸಿದ್ದ ಕಾಂಟ್ಯಾಕ್ಟ್ ಮೈಕಿನಿಂದ; ಅದು ಗಾಳಿಯ ಸದ್ದಲ್ಲ, ತಾನು ಅಂಟಿಕೊಂಡ ವಸ್ತುವಿನ ಕಂಪನ ಹಿಡಿಯುವ ಮೈಕ್. ಮರದ ಮೇಜೇ ಬೇಕು. ಗಾಜಿನ ಮೇಜಿನಲ್ಲಿ ಬರೀ ಟಣಟಣ.

ಜೊತೆಗೆ ಯಾರಿದ್ದರು ಅಂತ ಮಾತ್ರ ಮೊದಲೇ ಕೇಳಬೇಡಿ. 40 ನೌಕರರು ಸತ್ತ ಜಾಗ ಅದು, ಮಾತು ಅಲ್ಲೇ ನಿಲ್ಲುತ್ತದೆ. ನಾನು ಕೇಳುವ ಮೊದಲ ಪ್ರಶ್ನೆ ಬೇರೆ. ಅದು ನನ್ನಲ್ಲೇ ಇರಲಿ.

ಒಬ್ಬ ಫ್ರೆಂಚ್ ನೌಕರ ಸುಮಾರು 40 ಗಂಟೆ ಮಂಚದ ಕೆಳಗೆ ಅಡಗಿದ್ದರು. ಅಲ್ಲಿ ಏನು ಕೇಳಿಸುತ್ತೆ ನೋಡೋಣ ಅಂತ ನಾನೂ ರೆಕಾರ್ಡರ್ ಹಿಡಿದು ಮಂಚದಡಿ ಮಲಗಿದೆ. ಮೂರು ಗಂಟೆಗೇ ಕಾಲು ಜೋಮು ಹಿಡಿಯಿತು, ಹೊರಗೆ ಬಂದೆ. ಆದರೆ ನೆಲದ ಮೂಲಕ ಬಂದ ಹೆಜ್ಜೆ ಸದ್ದು ಸಿಕ್ಕಿತು. ಚಿತ್ರ ಶುರುವಾಗುವುದೇ ಅದರಿಂದ, ಇಪ್ಪತ್ತು ಸೆಕೆಂಡ್ ಕಪ್ಪು ತೆರೆ ಮೇಲೆ.