ಕಡಲಬಂಡೆಯ ಕಪ್ಪು ಪಟ್ಟಿ: ಡಾಂಬರೋ ಕಲ್ಲುಹೂವೋ ಎಂದು ಗುರುತಿಸುವ ಬಗೆ

ಬ್ರಿಟನ್ನಿನ ಕಾರ್ನ್‌ವಾಲ್, ವೇಲ್ಸ್, ಸ್ಕಾಟ್ಲೆಂಡ್‌ಗಳ ಕಲ್ಲುದಂಡೆಗಳಲ್ಲಿ ನಡೆಯುವವರಿಗೆ ಬಂಡೆಗಳ ಉದ್ದಕ್ಕೂ ಹರಡಿದ ಕಪ್ಪು ಪಟ್ಟಿಯೊಂದು ಕಾಣಿಸುತ್ತದೆ. ಹಡಗಿನಿಂದ ಸೋರಿದ ತೈಲದ ಕಲೆಯೆಂದು ಹಲವರು ಭಾವಿಸುವ ಈ ಪಟ್ಟಿ ಬಹುಮಟ್ಟಿಗೆ ಹೈಡ್ರೊಪಂಕ್ಟೇರಿಯಾ ಮೌರಾ ಎಂಬ ಕಲ್ಲುಹೂವು (ಲೈಕೆನ್), ಅಂದರೆ ಶಿಲೀಂಧ್ರವೂ ಪಾಚಿಯೂ ಕೂಡಿ ಬಾಳುವ ಜೀವಿ. 2009ರಲ್ಲಷ್ಟೇ ಅದನ್ನು ಹೈಡ್ರೊಪಂಕ್ಟೇರಿಯಾ ಕುಲಕ್ಕೆ ಸೇರಿಸಿದ್ದರಿಂದ, ಹಳೆಯ ಕೈಪಿಡಿಗಳಲ್ಲಿ ವೆರುಕೇರಿಯಾ ಮೌರಾ ಎಂಬ ಹೆಸರಿನಲ್ಲಿ ಹುಡುಕಬೇಕು. ನಾವು ಮಸಾಲೆಗೆ ಬಳಸುವ ಕಲ್ಲುಹೂವನ್ನು ಎಲೆಯಂತೆ ಬಿಡಿಸಿ ತೆಗೆಯಬಹುದು. ಇದಾದರೋ ಕಲ್ಲಿನಿಂದ ಬೇರ್ಪಡಿಸಲಾಗದಷ್ಟು ಬಿಗಿಯಾಗಿ ಹತ್ತಿಕೊಂಡ ತೆಳುಪದರ.

ಮೊದಲು ಅದು ಇರುವ ಎತ್ತರವನ್ನು ಗಮನಿಸಿ. ಇಳಿತದ ಹೊತ್ತಿನಲ್ಲಿ ತುಸು ದೂರ ನಿಂತು ನೋಡಿದರೆ ಕೆಳಗೆ ಬಾರ್ನಕಲ್‌ಗಳ (ಬಂಡೆಗೆ ಅಂಟಿಕೊಂಡು ಬದುಕುವ ಪುಟ್ಟ ಚಿಪ್ಪುಜೀವಿಗಳ) ಬಿಳಿಚಿದ ಸಾಲು, ಅದರ ಮೇಲೆ ಕಪ್ಪು, ಅದಕ್ಕೂ ಮೇಲೆ ಕ್ಯಾಲೊಪ್ಲಾಕಾ ಮತ್ತು ಝ್ಯಾಂಥೋರಿಯಾ ಕಲ್ಲುಹೂವುಗಳ ಕಿತ್ತಳೆ-ಹಳದಿ, ಎಲ್ಲಕ್ಕೂ ಮೇಲೆ ಬೂದುಬಣ್ಣದ ಪ್ರಭೇದಗಳು ಕಾಣುತ್ತವೆ. ಈ ಕ್ರಮ ಸ್ಪಷ್ಟವಾಗಿದ್ದರೆ ಅರ್ಧ ಕೆಲಸ ಮುಗಿದಂತೆ. ಅಲೆಗಳ ಹೊಡೆತ ಜೋರಾಗಿರುವ ಕಡೆ ನೀರಿನ ತುಂತುರು ಎತ್ತರಕ್ಕೆ ಸಿಡಿಯುವುದರಿಂದ ಕಪ್ಪು ಪಟ್ಟಿಯೂ ಅಗಲವಾಗಿ ಮೇಲೇರುತ್ತದೆ. ಶಾಂತವಾದ ಕೊಲ್ಲಿಗಳಲ್ಲಿ ಅದು ಕಿರಿದಾಗಿರುತ್ತದೆ.

ನಂತರ ಹತ್ತಿರ ಹೋಗಿ, ಆದರೆ ಒದ್ದೆಯಾದಾಗ ಈ ಪದರ ಬಹಳ ಜಾರುವುದರಿಂದ ಒಣಗಿದ ಬಂಡೆಯನ್ನೇ ಆರಿಸಿಕೊಳ್ಳಿ. ಹತ್ತು ಪಟ್ಟು ಹಿಗ್ಗಿಸುವ ಕೈಮಸೂರದಲ್ಲಿ ನೋಡಿದರೆ, ಹೊಳಪಿಲ್ಲದ ಕಪ್ಪು ಮೇಲ್ಮೈ ಬೇಸಿಗೆಯಲ್ಲಿ ಬತ್ತಿದ ಕೆರೆಯ ತಳದಂತೆ ಸಣ್ಣ ಸಣ್ಣ ಕೋನಾಕಾರದ ತುಂಡುಗಳಾಗಿ ಬಿರಿದಿರುವುದೂ, ನಡುನಡುವೆ ಸೂಕ್ಷ್ಮವಾದ ಗುಬುಟುಗಳು ಎದ್ದಿರುವುದೂ ಕಾಣುತ್ತದೆ. ಆ ಗುಬುಟುಗಳೊಳಗೇ ಶಿಲೀಂಧ್ರದ ಬೀಜಕಗಳು ಬೆಳೆಯುತ್ತವೆ. ಈ ನೋಟಕ್ಕಾಗಿ ಮಂಡಿಯೂರಿ ಕೂರುವುದು ಖಂಡಿತ ಸಾರ್ಥಕ.

ಇನ್ನೂ ಅನುಮಾನವಿದ್ದರೆ ಬಿಳಿ ಬಟ್ಟೆಯ ಚೂರನ್ನು ಮೃದುವಾಗಿ ಒತ್ತಿ ನೋಡಿ. ತೈಲವಾದರೆ ಬಿಸಿಲಿಗೆ ಮೆತ್ತಗಾಗಿ ಬಟ್ಟೆಗೆ ಅಂಟುತ್ತದೆ, ವಾಸನೆಯೂ ಬರುತ್ತದೆ. ಕಲ್ಲುಹೂವು ಗಟ್ಟಿಯಾಗಿದ್ದು ಕಲೆಯನ್ನು ಉಳಿಸುವುದಿಲ್ಲ. ಬಾರ್ನಕಲ್‌ಗಳ ನಡುವೆಯೇ ಬಿರುಕಿಲ್ಲದ, ನುಣುಪಾದ, ಹಸಿರು ಛಾಯೆಯ ಕಪ್ಪು ಪದರ ಸಿಕ್ಕರೆ ಅದು ವಾಲೆನ್‌ಬರ್ಗಿಯೆಲ್ಲಾ ಮ್ಯೂಕೋಸಾ ಎಂಬ ಇನ್ನೊಂದು ಕಲ್ಲುಹೂವು ಇರಬಹುದು. ಹತ್ತಿರದ ಸಂಬಂಧಿಗಳನ್ನು ಖಚಿತವಾಗಿ ಬೇರ್ಪಡಿಸಲು ಸೂಕ್ಷ್ಮದರ್ಶಕ ಬೇಕೇ ಬೇಕು.

ಯಾವ ಕಾರಣಕ್ಕೂ ಕೆರೆಯಬೇಡಿ, ಮಾರ್ಜಕ ಸುರಿದು ಉಜ್ಜಬೇಡಿ. 1967ರಲ್ಲಿ ಟಾರಿ ಕ್ಯಾನ್ಯನ್ ಎಂಬ ತೈಲ ಹಡಗು ಒಡೆದಾಗ ಕಾರ್ನ್‌ವಾಲ್ ದಂಡೆಗೆ ಸುರಿದ ಮಾರ್ಜಕಗಳು ಅಲ್ಲಿನ ಜೀವಿಗಳಿಗೆ ತೈಲಕ್ಕಿಂತ ಹೆಚ್ಚು ಹಾನಿ ಮಾಡಿದವು. ಪಕ್ಕದಲ್ಲಿ ನಾಣ್ಯವಿಟ್ಟು ಒಂದು ಸಮೀಪಚಿತ್ರವನ್ನೂ, ಇಡೀ ಬಂಡೆಯ ಪಟ್ಟಿಗಳೆಲ್ಲ ಕಾಣುವಂತೆ ಮತ್ತೊಂದನ್ನೂ ತೆಗೆದುಕೊಳ್ಳಿ. ಬಟ್ಟೆಗೆ ನಿಜವಾಗಿಯೂ ತೈಲ ಅಂಟಿದ್ದರೆ ಅವೇ ಚಿತ್ರಗಳೊಂದಿಗೆ ಕರಾವಳಿ ಕಾವಲು ಪಡೆಗೆ ತಿಳಿಸಿ.