ಅಮೆರಿಕದಲ್ಲಿ ಅಥ್ಲೆಟಿಕ್ ಟ್ರೈನರ್ ಆಗುವವರು ಪರವಾನಗಿ ಪಡೆಯುವ ಬಗೆ

ಶಿವಮೊಗ್ಗದ ನೆಹರೂ ಕ್ರೀಡಾಂಗಣದಲ್ಲಿ ಕಬಡ್ಡಿ ಹುಡುಗರ ಉಳುಕಿದ ಪಾದಕ್ಕೆ ನಾನು ಪಟ್ಟಿ ಸುತ್ತುವಾಗ ಫಿಸಿಯೋಥೆರಪಿ ವಿದ್ಯಾರ್ಥಿಗಳು, ಅಮೆರಿಕದಲ್ಲಿ ಅಥ್ಲೆಟಿಕ್ ಟ್ರೈನರ್, ಅಂದರೆ ಆಟಗಾರರ ಗಾಯ ತಡೆದು ಆರೈಕೆ ಮಾಡುವವರು, ಆಗುವುದು ಹೇಗೆಂದು ಕೇಳುತ್ತಾರೆ.

ನಮ್ಮ ಫಿಸಿಯೋಥೆರಪಿ ಪದವಿಯಾದ ಬಿಪಿಟಿಯೊಂದೇ ಅಲ್ಲಿ ಸಾಲದು. ಅಥ್ಲೆಟಿಕ್ ಟ್ರೈನಿಂಗ್ ಕೋರ್ಸ್‌ಗಳಿಗೆ ಮಾನ್ಯತೆ ಕೊಡುವ ಸಂಸ್ಥೆ ಸಿಎಎಟಿಇ; ಅದರ ಮಾನ್ಯತೆಯಿರುವ ಸ್ನಾತಕೋತ್ತರ ಕೋರ್ಸನ್ನೇ ಆರಿಸಿಕೊಳ್ಳಿ. ಶುಲ್ಕ ಕಟ್ಟುವ ಮುನ್ನವೇ ಮಾನ್ಯತೆಯನ್ನು ಖಚಿತಪಡಿಸಿಕೊಳ್ಳಿ, ಸಾಲ ಮಾಡಿ ಕಳಿಸುವವರು ನಿಮ್ಮ ಅಪ್ಪ ಅಮ್ಮ. ಆಮೇಲೆ ಅಥ್ಲೆಟಿಕ್ ಟ್ರೈನರ್‌ಗಳಿಗೆ ಪ್ರಮಾಣಪತ್ರ ಕೊಡುವ ಮಂಡಳಿಯಾದ ಬಿಒಸಿಯ ಪರೀಕ್ಷೆ.

ಪಾಸಾದ ಕೂಡಲೇ ಕೆಲಸಕ್ಕೆ ಕೈ ಹಾಕಬೇಡಿ. ಬಹುತೇಕ ಎಲ್ಲ ರಾಜ್ಯಗಳಲ್ಲೂ ಪ್ರತ್ಯೇಕ ಪರವಾನಗಿ ಬೇಕು. ಒಂದು ರಾಜ್ಯದ್ದು ಇನ್ನೊಂದರಲ್ಲಿ ತಾನಾಗಿ ನಡೆಯದು. ನಿಯಮಗಳಲ್ಲಿ ವೈದ್ಯರ ನಿರ್ದೇಶನದ ಭಾಗವನ್ನು ನಿಧಾನವಾಗಿ ಓದಿ. ಯಾರಿಗೆ, ಯಾವ ಚಿಕಿತ್ಸೆಯನ್ನು, ಯಾರ ಸೂಚನೆಯಂತೆ ಕೊಡಬಹುದು ಎಂಬುದು ರಾಜ್ಯದಿಂದ ರಾಜ್ಯಕ್ಕೆ ಬದಲಾಗುತ್ತದೆ.

ತಂಡದ ಜೊತೆ ಹೊರರಾಜ್ಯಕ್ಕೆ ಹೋದಾಗ 2018ರ ಫೆಡರಲ್ (ಕೇಂದ್ರ) ಕಾನೂನು ವೃತ್ತಿ ವಿಮೆಯ, ಅಂದರೆ ಚಿಕಿತ್ಸೆಯಲ್ಲಿ ತಪ್ಪಾಯಿತೆಂದು ಪರಿಹಾರ ಕೇಳಿದಾಗ ನೆರವಾಗುವ ವಿಮೆಯ, ರಕ್ಷಣೆಯನ್ನು ಉಳಿಸುತ್ತದೆ. ಅಲ್ಲೇ ನೆಲೆಸುವುದಾದರೆ ಹೊಸ ಅರ್ಜಿ ಹಾಕಿ.